ಬೋಸರು ಮುಟ್ಟದ ಸಂಬಳ

ಜಗದೀಶಚಂದ್ರ ಬೋಸರೆಂದೊಡನೆ ನಮಗೆ ನೆನಪಾಗುವುದು ಸಸ್ಯಗಳ ಸಂವೇದನೆಯ ಪ್ರಯೋಗಗಳು. ಅವರ ವೃತ್ತಿಜೀವನದ ಮೊದಲ ಮೂರು ವರ್ಷಗಳ ಸಂಗತಿಯು ಅಷ್ಟಾಗಿ ಪಠ್ಯಪುಸ್ತಕಗಳಲ್ಲಿ ಬರುವುದಿಲ್ಲ.

ಕೇಂಬ್ರಿಜ್ ಮತ್ತು ಲಂಡನ್ನಿನ ಪದವಿಗಳೊಡನೆ ಮರಳಿದ ಬೋಸರು 1885ರಲ್ಲಿ ಕಲ್ಕತ್ತೆಯ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಭೌತಶಾಸ್ತ್ರದ ಹಂಗಾಮಿ ಪ್ರಾಧ್ಯಾಪಕರಾದರು. ಅದೇ ಹುದ್ದೆಯ ಐರೋಪ್ಯನಿಗೆ ದೊರೆಯುತ್ತಿದ್ದ ವೇತನದಲ್ಲಿ ಭಾರತೀಯನಿಗೆ ಮೂರರಲ್ಲಿ ಎರಡು ಪಾಲು. ಹಂಗಾಮಿಯಾದರೆ ಅದರಲ್ಲೂ ಅರ್ಧ. ಬೋಸರು ಪ್ರತಿಭಟಿಸಿದ ಬಗೆ ಅಪೂರ್ವವಾದುದು. ಪಾಠವನ್ನು ಒಂದು ದಿನವೂ ನಿಲ್ಲಿಸದೆ, ಮೂರು ವರ್ಷ ಸಂಬಳವನ್ನು ಮುಟ್ಟಲಿಲ್ಲ. ತಂದೆಯ ಸಾಲದ ಹೊರೆ ಮನೆಯನ್ನು ಕಾಡುತ್ತಿದ್ದ ಕಾಲವದು.

ಅವರ ನೇಮಕಕ್ಕೆ ಅಸಮ್ಮತಿ ಸೂಚಿಸಿದವರಲ್ಲಿ ಪ್ರಾಂಶುಪಾಲ ಟಾನಿಯವರೂ ಒಬ್ಬರು. ಇವರು ದುಷ್ಟರಲ್ಲ, ಸೋಮದೇವನ 'ಕಥಾಸರಿತ್ಸಾಗರ'ವನ್ನು ಇಂಗ್ಲಿಷಿಗೆ ತಂದ ಸಂಸ್ಕೃತ ವಿದ್ವಾಂಸರು. ಭಾರತೀಯರಿಗೆ ಕಾವ್ಯ, ತತ್ತ್ವಶಾಸ್ತ್ರಗಳು ಒಲಿಯುತ್ತವೆ, ನಿಖರ ವಿಜ್ಞಾನವು ಒಲಿಯದು ಎಂಬುದು ಅಂದಿನ ಅಧಿಕಾರಿವರ್ಗದ ನಂಬಿಕೆ. ಅದು ದ್ವೇಷದ ರೂಪದಲ್ಲಿ ಬರಲಿಲ್ಲ. ಅನುಭವದ ಮಾತೆಂಬಂತೆ ಬಂದಿತು. ಪೂರ್ವಗ್ರಹದ ಬೇರು ಆಳಕ್ಕಿಳಿಯುವುದೇ ಹೀಗೆ.

ಕೊನೆಗೆ ಟಾನಿಯವರೂ ವಿದ್ಯಾ ಇಲಾಖೆಯ ನಿರ್ದೇಶಕ ಕ್ರಾಫ್ಟರೂ ಬೋಸರ ಯೋಗ್ಯತೆಯನ್ನು ಮನಗಂಡರು. ಹುದ್ದೆ ಖಾಯಂ ಆಯಿತು, ಮೂರು ವರ್ಷಗಳ ಪೂರ್ಣ ವೇತನದ ಬಾಕಿಯೂ ಬಂದಿತು. ಆ ಹಣ ತಂದೆಯ ಸಾಲಕ್ಕೆ ಸಂದಿತು.

ಕಥೆಯನ್ನು ಇಲ್ಲಿಗೇ ಮುಗಿಸಿದರೆ ಮನಸ್ಸಿಗೆ ಹಿತ. ಆದರೆ 1889ರಲ್ಲಿ, ಎಡಿನ್‌ಬರೋದ ಡಾಕ್ಟರೇಟ್ ಪಡೆದಿದ್ದ ಪ್ರಫುಲ್ಲಚಂದ್ರ ರಾಯರು ಅದೇ ಕಾಲೇಜಿಗೆ ರಸಾಯನಶಾಸ್ತ್ರ ಕಲಿಸಲು ಬಂದಾಗ ದೊರೆತುದು ತಿಂಗಳಿಗೆ 250 ರೂಪಾಯಿಗಳ ತಾತ್ಕಾಲಿಕ ಹುದ್ದೆ. ಬೋಸರನ್ನು ಕಂಡು ಬದಲಾದುದು ಬೋಸರ ಕುರಿತ ಅಭಿಪ್ರಾಯ ಮಾತ್ರ. ಭಾರತೀಯರ ಕುರಿತ ಅಭಿಪ್ರಾಯವಲ್ಲ. ಒಬ್ಬನನ್ನು ಅಪವಾದವೆಂದು ಮೆಚ್ಚಿಕೊಂಡು ನಿಯಮವನ್ನು ಉಳಿಸಿಕೊಳ್ಳುವುದು ಮನಸ್ಸಿಗೆ ಬಲು ಸುಲಭ.

ಅಂತಹ ಲಿಖಿತ ನಿಯಮಗಳು ಅಳಿದ ಮೇಲೂ ಮನಸ್ಸಿನ ನಿಯಮಗಳು ಉಳಿಯುತ್ತವೆ. ಅಮೆರಿಕದ ಬಾಸ್ಟನ್ ಮತ್ತು ಷಿಕಾಗೋ ನಗರಗಳಲ್ಲಿ ಇಬ್ಬರು ಅರ್ಥಶಾಸ್ತ್ರಜ್ಞರು ಉದ್ಯೋಗದಾತರಿಗೆ ಸುಮಾರು 5,000 ಕಲ್ಪಿತ ಅರ್ಜಿಗಳನ್ನು ಕಳುಹಿಸಿದರು. ಫಲಿತಾಂಶ 2004ರಲ್ಲಿ ಪ್ರಕಟವಾಯಿತು. ಒಂದೇ ತೆರನ ಅರ್ಹತೆಯಿದ್ದರೂ, ಬಿಳಿಯರದೆಂದು ತೋರುವ ಹೆಸರುಗಳಿಗೆ ಕಪ್ಪು ಜನರದೆಂದು ತೋರುವ ಹೆಸರುಗಳಿಗಿಂತ ಶೇಕಡಾ 50ರಷ್ಟು ಹೆಚ್ಚು ಕರೆಗಳು ಬಂದಿದ್ದವು.

ನಮ್ಮ ಪಬ್ಲಿಕ್ ಪರೀಕ್ಷೆಗಳಲ್ಲಿ ಉತ್ತರಪತ್ರಿಕೆಯ ಮೇಲೆ ಹೆಸರಿರುವುದಿಲ್ಲ, ನೋಂದಣಿ ಸಂಖ್ಯೆಯಿರುತ್ತದೆ. ಮೌಲ್ಯಮಾಪಕರು ಕೆಟ್ಟವರೆಂದಲ್ಲ, ಒಳ್ಳೆಯವರ ಮನಸ್ಸೂ ವಾಲುತ್ತದೆಂದು. ಕಚೇರಿಗಳೂ ಈ ವಿವೇಕವನ್ನು ಕಲಿಯಬೇಕು.