ಆತಕೂರಿನ ಕಾಳಿ

ಮದ್ದೂರು ತಾಲ್ಲೂಕಿನ ಆತಗೂರಿನಲ್ಲಿ, ಚಲ್ಲೇಶ್ವರನ ಗುಡಿಯ ಮುಂದೆ, ಹಿಂದೆ ಒಂದು ಕಲ್ಲು ನಿಂತಿದ್ದಿತು. ಶಾಸನದಲ್ಲಿ ಆ ಊರಿಗೆ ಆತಕೂರೆಂದು ಹೆಸರು. ಹಂದಿಯೊಡನೆ ಹೋರಾಡುತ್ತಿರುವ ನಾಯಿಯೊಂದನ್ನು ಆ ಕಲ್ಲಿನ ಮೇಲೆ ಕಡೆದಿದ್ದಾರೆ. ಇತಿಹಾಸಕಾರರು ಈ ಶಾಸನವನ್ನು ನೆನೆಯುವುದು ತಕ್ಕೋಲದ ಯುದ್ಧಕ್ಕಾಗಿ. ರಾಷ್ಟ್ರಕೂಟ ಮೂರನೆಯ ಕೃಷ್ಣನ ಪರವಾಗಿ ಕಾದಿದ ಗಂಗರ ಇಮ್ಮಡಿ ಬೂತುಗನು ಚೋಳ ರಾಜಾದಿತ್ಯನನ್ನು ಕೊಂದ ಸಂಗತಿ ಇದರಲ್ಲಿದೆ. ಕಾಲವು ಶಕವರ್ಷ 872, ಎಂದರೆ ಕ್ರಿ.ಶ. 949–50. ಅರಸರ ಮಾತು ಅಷ್ಟಿರಲಿ. ನಮಗೆ ಇಂದು ಬೇಕಾದುದು ಆ ನಾಯಿ.

ಬೂತುಗನ ಭಟನಾದ ಮಣಲೆರನು ಕಾಳಗದಲ್ಲಿ ಮೆರೆದನು. ಮೆಚ್ಚಿದ ಒಡೆಯನು ಬೇಕಾದುದನ್ನು ಬೇಡೆನ್ನಲು, ಅವನು ಬೇಡಿದುದು ಕಾಳಿಯೆಂಬ ನಾಯಿಯನ್ನು! ಆತಕೂರು ಬಾಳ್ಗಚ್ಚಾಗಿ ಬಂದುದು ಬೇರೆಯ ಮಾತು. ಕೆಲಕಾಲದ ಮೇಲೆ ಕೆಳಲೆನಾಡಿನ ಬೆಳತೂರಿನ ಪಡುವಣ ಗುಡ್ಡದಲ್ಲಿ ದೊಡ್ಡದೊಂದು ಹಂದಿಯ ಮೇಲೆ ಕಾಳಿಯನ್ನು ಬಿಟ್ಟರು. ಹಂದಿಯೂ ನಾಯಿಯೂ ಒಡನೆ ಸತ್ತವು.

ಆ ನಾಯಿಗೆ ಹೆಸರಿತ್ತು; ಅದನ್ನು 'ಬಿಟ್ಟರು'. ಈ ಎರಡು ಮಾತುಗಳಲ್ಲಿಯೇ ಒಂದು ಶಿಕ್ಷಣದ ಚರಿತ್ರೆ ಅಡಗಿದೆಯೆಂದು ನಮಗೆ ತೋರುತ್ತದೆ. ಮಂಡ್ಯ, ಮಳವಳ್ಳಿಗಳ ಕಡೆಯ ಯಾವ ಹಟ್ಟಿಯಲ್ಲಿಯಾದರೂ ಮರಿ ಸಾಕಿದವರು ಇದನ್ನು ಬಲ್ಲರು. ಮೊದಲ ಪಾಠ ಹೆಸರು. ಎರಡು ತಿಂಗಳ ಮರಿಯು ಹೆಸರು ಕೇಳಿ ಮುಖವೆತ್ತಿದ ಕ್ಷಣದಲ್ಲಿಯೇ ಒಂದು ತುತ್ತು ದೊರೆಯಬೇಕು. ತಡವಾದರೆ ತುತ್ತು ಯಾತಕ್ಕೆಂದು ಅದಕ್ಕೆ ತಿಳಿಯದು. ಆಮೇಲೆ 'ಬಾ' ಎಂಬುದು. ಕರೆದಾಗ ಬಂದ ಮರಿಯನ್ನು ಹಿಂದಿನ ತಪ್ಪಿಗಾಗಿ ಹೊಡೆದವನು ಆ ಪಾಠವನ್ನು ತಾನೇ ಅಳಿಸಿದಂತಾಯಿತು. ಎಲ್ಲಕ್ಕೂ ಕಷ್ಟವಾದುದು 'ನಿಲ್ಲು'. ಒಂದು ಉಸಿರಿನಷ್ಟು ಹೊತ್ತು, ಬಳಿಕ ನಾಲ್ಕು, ಬಳಿಕ ಯಜಮಾನನು ದೂರ ಸರಿದರೂ ನಿಲ್ಲುವಷ್ಟು: ಹೀಗೆ ದಿನಕ್ಕಿಷ್ಟಾಗಿ ಬೆಳೆಸಬೇಕು. ಮನೆಯಲ್ಲಿ ಒಬ್ಬರು 'ಕೂರು' ಎಂದು, ಇನ್ನೊಬ್ಬರು 'ಕುಳಿತುಕೋ' ಎಂದರೆ ಪಾಪ, ಮರಿಯದೇನು ತಪ್ಪು?

ಹಂದಿಯನ್ನು ಕಂಡೂ ನಿಲ್ಲಲರಿಯದ ನಾಯಿಯನ್ನು ಬಿಡುವುದೆಂಬುದೇ ಇಲ್ಲ. ಅದು ತಾನೇ ಓಡುತ್ತದೆ. ಕಾಳಿ ತಡೆದು ನಿಂತಿತ್ತು, ಬಿಟ್ಟಾಗ ಹೋಯಿತೆಂದು ನಾವು ಊಹಿಸುತ್ತೇವೆ. ಇಂತಹ ವಿದ್ಯೆಗೆ ಅರಮನೆಗಳಲ್ಲಿ ಬೆಲೆಯಿದ್ದಿತು. ಮುಂದೆ ಹನ್ನೆರಡನೆಯ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ಮೂರನೆಯ ಸೋಮೇಶ್ವರನು ತನ್ನ ಮಾನಸೋಲ್ಲಾಸದಲ್ಲಿ ನಾಯಿಗಳ ವಿನೋದಕ್ಕೆಂದೇ ಒಂದು ಭಾಗವನ್ನು ಮೀಸಲಿಟ್ಟನು. ನಮ್ಮ ಕಾಲದಲ್ಲಿ, 2016ರಲ್ಲಿ, ಮುಧೋಳದ ನಾಯಿಗಳು ಸೈನ್ಯದ ಶಿಕ್ಷಣಕ್ಕಾಗಿ ಮೀರತ್ತಿಗೆ ಹೋದವು.

ಆದರೆ ಒಂದು ಕೊರತೆ ನಮ್ಮನ್ನು ಕಾಡುತ್ತದೆ. ಶಾಸನದಲ್ಲಿ ಅರಸರಿದ್ದಾರೆ, ಭಟನಿದ್ದಾನೆ, ನಾಯಿಯಿದೆ. ಮರಿಯಾಗಿದ್ದ ಕಾಳಿಗೆ ಹೆಸರು ಕಲಿಸಿದವನಿಲ್ಲ. ಮಣಲೆರನು ಪಡೆದುದು ಬೇರೊಬ್ಬನು ತಿದ್ದಿದ ನಾಯಿಯನ್ನು. ನಂಬಿದ ನಾಯಿಯನ್ನು ಸಾವಿಗೆ ಕಳುಹಿದುದೂ ಆ ವಿಧೇಯತೆಯೇ. ಒಡೆಯನಿಗೆ ಇದು ಹೊಳೆಯದಿರಲಿಲ್ಲವೆಂದು ಕಾಣುತ್ತದೆ. ಚಲ್ಲೇಶ್ವರನ ಮುಂದೆ ಕಲ್ಲು ನಡಿಸಿ, ಹಿರಿಯ ಕೆರೆಯ ಕೆಳಗೆ ಎರಡು ಖಂಡುಗದ ಭೂಮಿಯನ್ನು ಬಿಟ್ಟರು. ಆ ಕಲ್ಲನ್ನು ಪೂಜಿಸದೆ ಉಣ್ಣುವ ಗೊರವನಿಗೆ ಪಾಪವೆಂದೂ ಬರೆಯಿಸಿದರು. ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯಕ್ಕೆ ಸೇರಿದೆ.