ಶ್ಯೇನಭೇದ ನಿರ್ಣಯ: ಕಣ್ಣು, ರೆಕ್ಕೆ, ಹೆಸರು

ಪ್ರಾಚೀನ ಗ್ರಂಥಗಳಲ್ಲಿ ‘ಶ್ಯೇನ’ ಶಬ್ದ ಬಂದೊಡನೆ ‘ಗಿಡುಗ’ ಎಂದು ಅರ್ಥ ಬರೆದು ಮುಂದೆ ಸಾಗುವುದು ಸಂಪಾದಕರ ರೂಢಿ. ಇದಕ್ಕೆ ಅವರನ್ನೇ ದೂರಬೇಕಾಗಿಲ್ಲ. ಅಮರಸಿಂಹನೇ ಶಶಾದನ, ಪತ್ರೀ, ಶ್ಯೇನ ಎಂಬ ಮೂರನ್ನೂ ಪರ್ಯಾಯಪದಗಳಾಗಿ ಒಂದೆಡೆ ಇರಿಸಿದ್ದಾನೆ. ಕನ್ನಡದ ಡೇಗೆ, ಗಿಡುಗ, ಸಾಳುವ ಎಂಬ ಪದಗಳೂ ನಿಘಂಟುಗಳಲ್ಲಿ ಒಂದರ ಅರ್ಥವಾಗಿ ಮತ್ತೊಂದು ನಿಲ್ಲುತ್ತವೆ. ಇವುಗಳಲ್ಲಿ ಸಾಳುವ ಎಂಬುದು ಬೇಟೆಗೆ ಬಳಸುವ ಹಕ್ಕಿಯ ಹೆಸರು. ಅದು ವಿಜಯನಗರದ ಎರಡನೆಯ ರಾಜವಂಶಕ್ಕೂ, ಸಂಗೀತಪುರವೆಂದು ಪ್ರಸಿದ್ಧವಾದ ಹಾಡುವಳ್ಳಿಯ ಜೈನ ಅರಸರಿಗೂ ಬಿರುದಿನಂತೆ ಅಂಟಿಕೊಂಡಿತು. ಅಹಿಂಸೆಯನ್ನು ಪರಮಧರ್ಮವೆಂದು ನಂಬಿದ ಮನೆತನವೊಂದು ಬೇಟೆಯ ಹಕ್ಕಿಯ ಹೆಸರನ್ನು ಹೊತ್ತು ಬಸದಿಗಳಿಗೆ ದತ್ತಿ ನೀಡಿದುದು ಇತಿಹಾಸದ ಒಂದು ವಿನೋದವೆನ್ನಬೇಕು.

ಪ್ರಶ್ನೆ ಇರುವುದು ಇಲ್ಲಿ: ಹಸ್ತಪ್ರತಿಯೊಂದರಲ್ಲಿ ಶ್ಯೇನಗಳ ಹಲವು ಭೇದಗಳನ್ನು ಹೇಳಿದ್ದರೆ, ಅವು ನಿಜವಾಗಿ ಬೇರೆ ಬೇರೆ ಹಕ್ಕಿಗಳೇ, ಅಥವಾ ಒಂದೇ ಹಕ್ಕಿಯ ಹಲವು ಹೆಸರುಗಳೇ? ನಿಘಂಟುಗಳಿಂದ ಇದಕ್ಕೆ ಉತ್ತರ ದೊರೆಯದು. ಹಕ್ಕಿಯನ್ನು ಕೈಮೇಲೆ ಕೂರಿಸಿಕೊಂಡವರ ಗ್ರಂಥಗಳಿಂದ ದೊರೆಯುತ್ತದೆ.

ಅಂಥ ಗ್ರಂಥಗಳು ನಮ್ಮಲ್ಲಿ ಹೆಚ್ಚಿಲ್ಲ. ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಮೂರನೆಯ ಸೋಮೇಶ್ವರನು ಕ್ರಿ.ಶ. ೧೧೨೯ರ ಸುಮಾರಿಗೆ ರಚಿಸಿದ ‘ಮಾನಸೋಲ್ಲಾಸ’ದ ನಾಲ್ಕನೆಯ ವಿಂಶತಿಯಲ್ಲಿ ಶ್ಯೇನವಿನೋದವೆಂಬ ಪ್ರಕರಣವಿದೆ. ಆದರೆ ಭೇದನಿರ್ಣಯಕ್ಕೆ ಹೆಚ್ಚು ಒದಗುವುದು ಕೂರ್ಮಾಚಲದ, ಎಂದರೆ ಈಗಿನ ಕುಮಾವೂಂ ಸೀಮೆಯ, ಅರಸ ರುದ್ರದೇವನ ‘ಶ್ಯೈನಿಕಶಾಸ್ತ್ರ’. ಇದನ್ನು ಮಹಾಮಹೋಪಾಧ್ಯಾಯ ಹರಪ್ರಸಾದ ಶಾಸ್ತ್ರಿಗಳು ೧೯೧೦ರಲ್ಲಿ ಆಂಗ್ಲ ಅನುವಾದದೊಡನೆ ಕಲ್ಕತ್ತೆಯಿಂದ ಪ್ರಕಟಿಸಿದರು. ರುದ್ರದೇವನು ಶ್ಯೇನಗಳನ್ನು ಮೊದಲಿಗೆ ಎರಡಾಗಿ ಒಡೆಯುತ್ತಾನೆ: ಕೃಷ್ಣಾಕ್ಷ, ಪಾಟಲಾಕ್ಷ. ಕಪ್ಪುಗಣ್ಣಿನವು ಒಂದು ಪಂಗಡ, ಕೆಂಬಣ್ಣದ ಕಣ್ಣಿನವು ಇನ್ನೊಂದು. ಪಾರಸಿಕ ಗ್ರಂಥಗಳಲ್ಲಿಯೂ ಇದೇ ವಿಭಾಗವಿದೆ. ಫಿಲ್ಲಟ್ ೧೯೦೮ರಲ್ಲಿ ಅನುವಾದಿಸಿದ ‘ಬಾಜ್‌ನಾಮಾ-ಎ-ನಾಸಿರಿ’ ಹಳದಿಗಣ್ಣಿನ ಹಾಗೂ ಕಪ್ಪುಗಣ್ಣಿನ ಬೇಟೆಹಕ್ಕಿಗಳನ್ನು ಬೇರೆ ಬೇರೆ ಭಾಗಗಳಲ್ಲಿ ವಿವರಿಸುತ್ತದೆ. ರುದ್ರದೇವನ ಕೃತಿಯಲ್ಲಿ ಬರುವ ವಾಜ, ತುರುಮುತಿ ಮೊದಲಾದ ಹೆಸರುಗಳು ಬಾಜ್, ತುರುಮ್ತಿ ಎಂಬ ಬೇಟೆಗಾರರ ಮಾತುಗಳ ಸಂಸ್ಕೃತ ವೇಷಗಳೇ ಆಗಿರುವುದರಿಂದ ಈ ಸಾಮ್ಯ ಆಕಸ್ಮಿಕವಲ್ಲ.

ಕಣ್ಣಿನ ಬಣ್ಣದಂಥ ಸಣ್ಣ ಗುರುತಿನಿಂದ ಪಂಗಡ ಕಟ್ಟುವುದು ಮೇಲುನೋಟಕ್ಕೆ ಬಾಲಿಶವಾಗಿ ಕಾಣಬಹುದು. ವಸ್ತುಸ್ಥಿತಿ ಹಾಗಿಲ್ಲ. ಶಾಹೀನ್, ಲಗ್ಗಡ, ತುರುಮ್ತಿ ಇವುಗಳ ಪಾಪೆ ಕಡುಕಂದು, ದೂರಕ್ಕೆ ಕಪ್ಪೆಂದೇ ತೋರುತ್ತದೆ. ಶಿಕ್ರ, ಬೇಸರ, ಬಾಜ್ ಇವುಗಳ ಕಣ್ಣು ಎಳೆತನದಲ್ಲಿ ಹಳದಿಯಾಗಿದ್ದು ಪ್ರಾಯ ಬಂದಂತೆ ಕಿತ್ತಳೆಗೂ ಕೆಂಪಿಗೂ ತಿರುಗಬಲ್ಲದು. ಪ್ರಾಯದ ಗಂಡು ಶಿಕ್ರದ ಕಣ್ಣು ರಕ್ತವರ್ಣ. ಪಾಟಲ ಎಂಬ ಮಾತನ್ನು ಆರಿಸಿದವನು ಹಕ್ಕಿಯ ಮುಖವನ್ನು ಹತ್ತಿರದಿಂದ ನೋಡಿದ್ದನೆಂಬುದರಲ್ಲಿ ಸಂಶಯವಿಲ್ಲ. ಈ ಗೆರೆ ಆಳದಲ್ಲಿಯೂ ಸರಿಯಾದ ಕಡೆಯೇ ಬಿದ್ದಿದೆ. ಎರಡು ಪಂಗಡಗಳನ್ನೂ ಬಹುಕಾಲ ಒಂದೇ ಗಣದಲ್ಲಿ ಇರಿಸಿದ್ದ ಆಧುನಿಕ ಪ್ರಾಣಿಶಾಸ್ತ್ರ, ೨೦೦೮ರಲ್ಲಿ ಪ್ರಕಟವಾದ ವಂಶವಾಹಿಗಳ ವಿಸ್ತಾರವಾದ ಅಧ್ಯಯನದ ತರುವಾಯ ಅವನ್ನು ಬೇರ್ಪಡಿಸಿತು. ಕಪ್ಪುಗಣ್ಣಿನ ಶಾಹೀನದ ಕುಲವು ಗಿಡುಗಕ್ಕಿಂತ ಗಿಳಿಗೂ ಹಾಡುಹಕ್ಕಿಗಳಿಗೂ ಹತ್ತಿರವೆಂದು ಕಂಡುಬಂದಿದೆ.

ಹೀಗೆಂದು ಈ ಸೂತ್ರವನ್ನು ಎಲ್ಲೆಡೆ ಹಚ್ಚಲಾಗದು. ನಮ್ಮ ಊರುಗಳ ಮೇಲೆ ಸುತ್ತುವ ಹದ್ದಿನ ಕಣ್ಣೂ ಕಂದೇ; ಆದರೂ ಅದು ಶಾಹೀನದ ಕುಲದ್ದಲ್ಲ. ಹೊಲಗಳ ಮೇಲೆ ನಿಂತಲ್ಲೇ ರೆಕ್ಕೆ ಬಡಿಯುವ ಬಿಳಿಯ ಪುಟ್ಟ ಹದ್ದಿಗೆ ಕೆಂಪು ಕಣ್ಣಿದ್ದರೂ ಅದು ಶಿಕ್ರದ ಪಂಗಡಕ್ಕೆ ಸೇರದು. ಕಣ್ಣಿನ ಗುರುತು ಕೈಮೇಲೆ ಕೂರುವ ಹಕ್ಕಿಗಳ ಮಟ್ಟಿಗೆ ಮಾತ್ರ ಹೇಳಿದ್ದು. ಅಲ್ಲದೆ ಬಯಲಿನಲ್ಲಿ ಹಾರುವ ಹಕ್ಕಿಯ ಕಣ್ಣು ಯಾರಿಗೆ ಕಂಡೀತು? ಅಲ್ಲಿ ನೋಡಬೇಕಾದುದು ರೆಕ್ಕೆಯನ್ನು. ಕೃಷ್ಣಾಕ್ಷಗಳ ರೆಕ್ಕೆ ನೀಳ, ತುದಿ ಚೂಪು. ತೆರೆದ ಬಾನಿನಲ್ಲಿ ಮೇಲೇರಿ ಎರಗುವುದಕ್ಕೆ ತಕ್ಕುದು. ಪಾಟಲಾಕ್ಷಗಳ ರೆಕ್ಕೆ ಗಿಡ್ಡ, ತುದಿ ದುಂಡು, ಬಾಲ ಉದ್ದ. ಮರದ ಮರೆಯಿಂದ ಹೊರಟು ಕೊಂಬೆಗಳ ನಡುವೆ ಹೊರಳಿ ಹಿಡಿಯುವ ಹಕ್ಕಿಗೆ ಅದೇ ಬೇಕು. ಯುರೋಪಿನ ಬೇಟೆಗಾರರು ನೀಳ ರೆಕ್ಕೆ, ಗಿಡ್ಡ ರೆಕ್ಕೆ ಎಂದೇ ವಿಭಾಗಿಸಿದರು. ಕಣ್ಣನ್ನು ನೋಡಿದವರೂ ರೆಕ್ಕೆಯನ್ನು ನೋಡಿದವರೂ ಒಂದೇ ಗೆರೆಗೆ ಬಂದು ಮುಟ್ಟಿದ್ದಾರೆ.

ಸಂಪಾದಕನು ಮುಗ್ಗರಿಸುವುದು ಹೆಚ್ಚಾಗಿ ಹೆಸರುಗಳಲ್ಲಿ. ಜೆರ್ಡನ್ ತನ್ನ ‘ಬರ್ಡ್ಸ್ ಆಫ್ ಇಂಡಿಯಾ’ ಗ್ರಂಥದ ೧೮೬೨ರ ಮೊದಲ ಸಂಪುಟದಲ್ಲಿ ಬೇಟೆಗಾರರ ಮಾತುಗಳನ್ನು ದಾಖಲಿಸಿದ್ದಾನೆ. ಅವರು ಒಂದೇ ಜಾತಿಯ ಹೆಣ್ಣಿಗೆ ಒಂದು ಹೆಸರನ್ನೂ ಗಂಡಿಗೆ ಮತ್ತೊಂದನ್ನೂ ಕೊಟ್ಟಿದ್ದರು. ಹೆಣ್ಣು ಬಾಜ್, ಗಂಡು ಜುರ್ರಾ. ಹೆಣ್ಣು ಬೇಸರ, ಗಂಡು ಧೋತಿ. ಹೆಣ್ಣು ಲಗ್ಗಡ, ಗಂಡು ಜಗ್ಗಡ. ಹೆಣ್ಣು ಶಿಕ್ರ, ಗಂಡು ಚಿಪ್ಪಕ. ಈ ಹಕ್ಕಿಗಳಲ್ಲಿ ಹೆಣ್ಣೇ ದೊಡ್ಡದು, ಗಂಡು ಗಮನಾರ್ಹವಾಗಿ ಚಿಕ್ಕದು. ಬಲವೂ ಹಿಡಿಯುವ ಬೇಟೆಯೂ ಬೇರೆಯಾಗುವುದರಿಂದ ಬೇಟೆಗಾರನಿಗೆ ಅವು ಎರಡು ಬೇರೆ ಉಪಕರಣಗಳೇ. ಹೀಗಾಗಿ ಎಂಟು ಹೆಸರುಗಳ ಪಟ್ಟಿ ಕಂಡು ಎಂಟು ಜಾತಿಗಳೆಂದು ಟಿಪ್ಪಣಿ ಬರೆದರೆ, ನಾಲ್ಕೇ ಇದ್ದಿರಬಹುದು. ಇದರ ಮೇಲೆ ವಯಸ್ಸಿನ ತೊಡಕು ಬೇರೆ. ಎಳೆಯ ಶಿಕ್ರದ ಎದೆಯ ಮೇಲೆ ಉದ್ದುದ್ದ ಕಂದು ಗೀಟುಗಳಿದ್ದು, ಪ್ರಾಯ ಬಂದಾಗ ಅಡ್ಡಪಟ್ಟೆಗಳಾಗುತ್ತವೆ. ಎದೆಯ ಗುರುತನ್ನು ಮಾತ್ರ ನಂಬಿದವನು ತಾಯಿಯನ್ನೂ ಮರಿಯನ್ನೂ ಎರಡು ಜಾತಿಯೆಂದು ಎಣಿಸುತ್ತಾನೆ. ಬಾಜ್ ಹಿಮಾಲಯದ ಹಕ್ಕಿ ಎಂಬುದನ್ನು ಮರೆತು, ದಕ್ಷಿಣದ ಪ್ರತಿಯಲ್ಲಿ ಆ ಹೆಸರು ಕಂಡೊಡನೆ ನಮ್ಮ ತೋಪಿನ ಶಿಕ್ರವನ್ನು ಅದರ ಜಾಗದಲ್ಲಿ ಕೂರಿಸುವುದೂ ಸಲ್ಲದು.

ಜೈನ ವಾಙ್ಮಯದ ಕಡೆಗೆ ಬಂದರೆ ದೃಷ್ಟಿಯೇ ಬೇರೆ. ‘ಪ್ರಜ್ಞಾಪನಾಸೂತ್ರ’ ಖೇಚರಗಳನ್ನು ಚರ್ಮಪಕ್ಷಿ, ಲೋಮಪಕ್ಷಿ, ಸಮುದ್ಗಪಕ್ಷಿ, ವಿತತಪಕ್ಷಿಗಳೆಂದು ನಾಲ್ಕಾಗಿ ವಿಂಗಡಿಸುವುದು ರೆಕ್ಕೆಯ ಬಗೆಯಿಂದ. ಬೇಟೆಯ ಉಪಯೋಗಕ್ಕೆ ಅಲ್ಲಿ ಸ್ಥಾನವಿಲ್ಲ. ‘ಉತ್ತರಾಧ್ಯಯನ’ದ ಹತ್ತೊಂಬತ್ತನೆಯ ಅಧ್ಯಯನದಲ್ಲಿ ಮೃಗಾಪುತ್ರನು ತನ್ನ ಪೂರ್ವಭವಗಳ ದುಃಖವನ್ನು ತಂದೆತಾಯಿಗಳಿಗೆ ಹೇಳುತ್ತಾನೆ. ಹಕ್ಕಿಯಾಗಿ ಹುಟ್ಟಿದಾಗ ಬಲೆಗೂ ಅಂಟಿಗೂ ಸಿಕ್ಕಿದುದರ ಜೊತೆಗೆ ‘ವಿದಂಸಗ’ಗಳ ಹಿಡಿತಕ್ಕೆ ಬಿದ್ದುದನ್ನೂ ನೆನೆಯುತ್ತಾನೆ. ಯಾಕೋಬಿ ೧೮೯೫ರ ಅನುವಾದದಲ್ಲಿ ಇದಕ್ಕೆ ಗಿಡುಗವೆಂಬ ಅರ್ಥವನ್ನೇ ಕೊಟ್ಟಿದ್ದಾನೆ. ಬಲೆ, ಅಂಟುಗಳ ಸಾಲಿನಲ್ಲಿ ಬಂದಿರುವುದರಿಂದ ಇದು ಕಾಡಿನ ಗಿಡುಗವಲ್ಲ, ಮನುಷ್ಯನು ಛೂ ಬಿಟ್ಟ ಹಕ್ಕಿ ಎಂದು ತಿಳಿಯುವುದೇ ಯುಕ್ತ. ಕಣ್ಣು ಕಪ್ಪೋ ಕೆಂಪೋ ಎಂಬುದು ಹಿಡಿಸಿದವನ ವಿಚಾರ. ಹಿಡಿಸಿಕೊಂಡವನಿಗೆ ಅದು ವಿದಂಸಗ ಮಾತ್ರ. ಇಲ್ಲಿ ಜಾತಿನಿರ್ಣಯಕ್ಕೆ ಹೊರಡುವ ಟಿಪ್ಪಣಿಕಾರನು ಪದ್ಯದ ಮರ್ಮವನ್ನೇ ಬಿಟ್ಟಂತೆ.

ಈ ಎರಡು ದೃಷ್ಟಿಗಳ ನಡುವೆ ನಿಲ್ಲುವ ಗ್ರಂಥ, ೧೩ನೆಯ ಶತಮಾನದವನೆನ್ನಲಾದ ಜೈನ ವಿದ್ವಾಂಸ ಹಂಸದೇವನ ‘ಮೃಗಪಕ್ಷಿಶಾಸ್ತ್ರ’. ಜಿನಪುರದ ಅರಸ ಶೌಡದೇವನ ಆಶ್ರಯದಲ್ಲಿ ರಚಿತವಾದ ಇದರಲ್ಲಿ ೧೭೧೨ ಶ್ಲೋಕಗಳಿವೆ. ತಿರುಪತಿಯ ಶಾಸನತಜ್ಞ ವಿ. ವಿಜಯರಾಘವಾಚಾರ್ಯರಿಂದ ಇದು ೧೯೨೫ರಲ್ಲಿ ಬೆಳಕಿಗೆ ಬಂತು. ಸುಂದರಾಚಾರ್ಯರ ಆಂಗ್ಲ ಅನುವಾದ ೧೯೨೭ರಲ್ಲಿ ಹೊರಬಂತು. ಪಟ್ಟಿಗಳಲ್ಲಿ ಹೆಸರು ನೋಡಿ ಮೋಸಹೋಗುವುದುಂಟು: ಮಂಗರಾಜನ ‘ಖಗೇಂದ್ರಮಣಿದರ್ಪಣ’ದ ಖಗೇಂದ್ರನು ವಿಷಹರನಾದ ಗರುಡ, ಗ್ರಂಥ ವಿಷವೈದ್ಯದ್ದು. ಹಂಸದೇವನದು ಹಾಗಲ್ಲ, ಹೆಸರಿಗೆ ತಕ್ಕಂತೆ ಮೃಗಪಕ್ಷಿಗಳ ರೂಪ, ಸ್ವಭಾವಗಳನ್ನೇ ಹೇಳುತ್ತದೆ.

ಇದರ ಪ್ರತಿಯೊಂದನ್ನು ಮಾಡಿಸಿಕೊಂಡು ಹೋದವನು ಅಮೆರಿಕದ ಕೇಸಿ ವುಡ್. ವೃತ್ತಿಯಿಂದ ಕಣ್ಣಿನ ವೈದ್ಯ. ಹಕ್ಕಿಗಳ ಕಣ್ಣಿನ ಒಳಪೊರೆಯನ್ನು ಕುರಿತ ಅವನ ಗ್ರಂಥ ೧೯೧೭ರಲ್ಲಿ ಪ್ರಕಟವಾಗಿತ್ತು. ಹಂಸದೇವನ ಶತಮಾನದವನೇ ಆದ ಚಕ್ರವರ್ತಿ ಎರಡನೆಯ ಫ್ರೆಡರಿಕ್ ಲ್ಯಾಟಿನ್ನಿನಲ್ಲಿ ಬರೆದ ಗಿಡುಗಬೇಟೆಯ ಮಹಾಗ್ರಂಥವನ್ನು ಆಂಗ್ಲಕ್ಕೆ ತಂದವರಲ್ಲಿ ಅವನೂ ಒಬ್ಬ. ಆ ಅನುವಾದ ಅವನು ತೀರಿಕೊಂಡ ಮರುವರ್ಷ, ೧೯೪೩ರಲ್ಲಿ ಅಚ್ಚಾಯಿತು. ಹಂಸದೇವನ ಶ್ಯೇನವರ್ಣನೆಯನ್ನು ಶ್ಯೈನಿಕಶಾಸ್ತ್ರದ ಕಣ್ಣಿನ ಭೇದದೊಡನೆಯೂ ಬೇಟೆಗಾರರ ಗಂಡುಹೆಣ್ಣು ಹೆಸರುಗಳೊಡನೆಯೂ ಪಂಕ್ತಿಪಂಕ್ತಿಯಾಗಿ ತಾಳೆನೋಡುವ ಕೆಲಸ ಕನ್ನಡದಲ್ಲಿ ನಡೆಯಬೇಕು. ಅದಕ್ಕೆ ಕೈಹಾಕುವವರು ನಿಘಂಟನ್ನು ತೆರೆಯುವ ಮುನ್ನ ಒಂದು ಶಿಕ್ರವನ್ನಾದರೂ ಕಣ್ಣಾರೆ ನೋಡಿರುವುದು ಒಳ್ಳೆಯದು.