ಕತ್ತರಿಯ ಹಿಂದಿನ ಹೆಸರು

ಚಿತ್ರಮಂದಿರದಿಂದ ಹೊರಬರುವಾಗ ನಾವು ನಟನಟಿಯರನ್ನು ಹೊಗಳುತ್ತೇವೆ, ಹಾಡು ಗುನುಗುತ್ತೇವೆ, ಹೆಚ್ಚೆಂದರೆ ನಿರ್ದೇಶಕರನ್ನು ನೆನೆಯುತ್ತೇವೆ. ಸಂಕಲನಕಾರರು ಯಾರೆಂದು ಕೇಳಿದರೆ ನಮ್ಮಲ್ಲಿ ಬಹುಮಂದಿ ನಿರುತ್ತರರು. ಆದರೆ ಭಾರತದ ಹೆಸರಾಂತ ಸಂಕಲನಕಾರರಲ್ಲೊಬ್ಬರು ನಮ್ಮೀ ಪುಣೆಯಲ್ಲಿಯೇ ಕತ್ತರಿ ಹಿಡಿಯಲು ಕಲಿತವರು. ಅವರೇ ರೇಣು ಸಲೂಜಾ.

ಲಾ ಕಾಲೇಜು ರಸ್ತೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ಆವರಣ ಮೊದಲು ಪ್ರಭಾತ್ ಕಂಪನಿಯ ಸ್ಟುಡಿಯೋ ಆಗಿತ್ತೆಂಬುದು ಓದುಗರಿಗೆ ತಿಳಿದದ್ದೇ. 1929ರಲ್ಲಿ ಕೊಲ್ಹಾಪುರದಲ್ಲಿ ಹುಟ್ಟಿದ ಪ್ರಭಾತ್ 1933ರಲ್ಲಿ ಪುಣೆಗೆ ಬಂದಿತು. ಅದು ಮುಚ್ಚಿದ ಮೇಲೆ ಕೇಂದ್ರ ಸರ್ಕಾರ 1960ರಲ್ಲಿ ಅಲ್ಲಿಯೇ ಈ ಸಂಸ್ಥೆಯನ್ನು ಸ್ಥಾಪಿಸಿತು. ಅದುವರೆಗೆ ಸಂಕಲನವೆಂದರೆ ಸ್ಟುಡಿಯೋದಲ್ಲಿ ಹಿರಿಯರ ಕೈಕೆಳಗೆ ವರ್ಷಗಟ್ಟಲೆ ದುಡಿದು ಕಲಿಯುವ ಕಸುಬು. ಇಲ್ಲಿ ಅದು ತರಗತಿಯ ಪಾಠವಾಯಿತು.

ರೇಣು ಸಲೂಜಾ ಬಯಸಿದ್ದು ನಿರ್ದೇಶನದ ವಿಭಾಗವನ್ನು. ಅಲ್ಲಿ ಪ್ರವೇಶ ದೊರೆಯದೆ ಸಂಕಲನಕ್ಕೆ ಸೇರಿ, 1976ರಲ್ಲಿ ವ್ಯಾಸಂಗ ಮುಗಿಸಿದರು. ಆ ಕಾಲದಲ್ಲಿ ಸಂಸ್ಥೆಯಲ್ಲಿ ಕನ್ನಡದ ಗಾಳಿಯೂ ಬೀಸುತ್ತಿತ್ತು. 1974–75ರಲ್ಲಿ ಗಿರೀಶ ಕಾರ್ನಾಡರು ಸಂಸ್ಥೆಯ ಮುಖ್ಯಸ್ಥರಾಗಿದ್ದರು. ಗಿರೀಶ ಕಾಸರವಳ್ಳಿಯವರು ಅಲ್ಲಿ ವಿದ್ಯಾರ್ಥಿಯಾಗಿದ್ದರು. ಕಾಸರವಳ್ಳಿಯವರ 'ಘಟಶ್ರಾದ್ಧ' 1977ರ ಸ್ವರ್ಣಕಮಲ ಪಡೆದುದನ್ನು ಕನ್ನಡಿಗರು ಮರೆತಿಲ್ಲ. ಅದರ ಸಂಕಲನಕಾರ ಉಮೇಶ್ ಕುಲಕರ್ಣಿಯವರ ಹೆಸರು ಎಷ್ಟು ಜನರಿಗೆ ನೆನಪಿದೆ?

ಈ ಕೆಲಸದ ಸೂಕ್ಷ್ಮವಾದರೂ ಎಂಥದು! ಸೆಕೆಂಡಿಗೆ 24 ಚೌಕಟ್ಟುಗಳು ಪರದೆಯ ಮೇಲೆ ಓಡುತ್ತವೆ. ಕಂಪ್ಯೂಟರ್ ಬರುವ ಮುನ್ನ ಫಿಲ್ಮಿನ ಸುರುಳಿಯನ್ನು ಕೈಯಾರೆ ಕತ್ತರಿಸಿ, ಅಂಟಿಸಿ, ಮತ್ತೆ ಓಡಿಸಿ ನೋಡಬೇಕಿತ್ತು. ನಗೆಯ ದೃಶ್ಯ ಕೊಂಚ ಹೆಚ್ಚು ನಿಂತರೆ ನಗೆ ಸತ್ತುಹೋಗುತ್ತದೆ. ಮೌನವನ್ನು ಬೇಗನೆ ಕಡಿದರೆ ದುಃಖ ಮನಮುಟ್ಟುವುದಿಲ್ಲ.

1983ರಲ್ಲಿ ತೆರೆಕಂಡ ಎರಡು ಹಿಂದಿ ಚಿತ್ರಗಳೇ ಸಲೂಜಾ ಅವರ ಹಿಡಿತಕ್ಕೆ ಸಾಕ್ಷಿ. 'ಜಾನೇ ಭಿ ದೋ ಯಾರೋ' ಹೊಟ್ಟೆ ಹುಣ್ಣಾಗಿಸುವ ವಿಡಂಬನೆ. 'ಅರ್ಧ ಸತ್ಯ' ಒಬ್ಬ ಪೊಲೀಸ್ ಅಧಿಕಾರಿಯ ಒಳಗುದಿ. ಎರಡಕ್ಕೂ ಲಯ ಕೊಟ್ಟದ್ದು ಒಂದೇ ಕೈ. 'ಅರ್ಧ ಸತ್ಯ'ದ ನಿರ್ದೇಶಕ ಗೋವಿಂದ ನಿಹಲಾನಿಯವರು ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು, ಮೈಸೂರಿನ ವಿ. ಕೆ. ಮೂರ್ತಿಯವರ ಬಳಿ ಪಳಗಿದವರೆಂಬುದು ನಮಗೆ ಸಂತಸದ ಸಂಗತಿ.

ಮುಂದೆ 'ಪರಿಂದಾ', 'ಧಾರಾವಿ', 'ಸರ್ದಾರ್', 'ಗಾಡ್‌ಮದರ್' ಚಿತ್ರಗಳಿಗಾಗಿ ಸಲೂಜಾ ನಾಲ್ಕು ಬಾರಿ ರಾಷ್ಟ್ರಪ್ರಶಸ್ತಿ ಪಡೆದರು. ಗಂಡಸರೇ ತುಂಬಿದ್ದ ಸಂಕಲನ ಕೊಠಡಿಯಲ್ಲಿ ಹೆಣ್ಣುಮಗಳೊಬ್ಬಳು ಗಳಿಸಿದ ಈ ಮನ್ನಣೆ ಸಣ್ಣದಲ್ಲ. 2000ದ ಆಗಸ್ಟ್‌ನಲ್ಲಿ, ಐವತ್ತು ತುಂಬುವ ಮೊದಲೇ, ಕ್ಯಾನ್ಸರ್ ಅವರನ್ನು ಬಲಿ ತೆಗೆದುಕೊಂಡಿತು.

ನಮ್ಮವರೂ ಈ ಕ್ಷೇತ್ರದಲ್ಲಿ ಹಿಂದುಳಿದಿಲ್ಲ. ಕನ್ನಡಿಗರಾದ ಸುರೇಶ್ ಅರಸ್ ಮಣಿರತ್ನಂ ಅವರ 'ರೋಜಾ', 'ಬಾಂಬೆ' ಚಿತ್ರಗಳನ್ನು ಸಂಕಲಿಸಿ, 'ಬಾಂಬೆ'ಗಾಗಿ 1995ರ ರಾಷ್ಟ್ರಪ್ರಶಸ್ತಿ ಗಳಿಸಿದರು. ಚಿತ್ರದ ಖ್ಯಾತಿ ಮನೆಮನೆಗೆ ತಲುಪಿತು, ಸಂಕಲನಕಾರರ ಹೆಸರು ತಲುಪಲಿಲ್ಲ.

ಒಳ್ಳೆಯ ಸಂಕಲನ ಕಣ್ಣಿಗೆ ಬೀಳುವುದಿಲ್ಲ. ಕಣ್ಣಿಗೆ ಬೀಳದಿರುವುದೇ ಅದರ ಗೆಲುವು. ಹಾಗೆಂದು ದುಡಿದವರನ್ನೂ ಮರೆಯಬೇಕೆಂದಿಲ್ಲ. ನಮ್ಮ ಸಂಘದಲ್ಲಿ ಚಿತ್ರಪ್ರದರ್ಶನ ಏರ್ಪಡಿಸಿದಾಗಲೆಲ್ಲ ನಿರ್ದೇಶಕರ ಹೆಸರಿನೊಡನೆ ಸಂಕಲನಕಾರರ ಹೆಸರನ್ನೂ ಸಭೆಗೆ ಹೇಳುವ ಪರಿಪಾಠ ಇಟ್ಟುಕೊಳ್ಳೋಣ. ಆ ವಿದ್ಯೆಯನ್ನು ಕಲಿಸಿದ ಊರಿನಲ್ಲಿ ಬಾಳುತ್ತಿರುವ ನಮಗೆ ಅದು ಭಾರವಾಗದು.